ಹೈನರ್ ತಲೆ ಒರಗಿಸುತ್ತಿದ್ದ ಗೋಡೆ

ಹಳೆಯ ಗೋಡೆಯನ್ನು ಹೊಸದು ಮಾಡಲು ಯಾವ ಪೇಂಟರ್ ಆದರೂ ಸಾಕು. ಹೊಸ ಗೋಡೆಗೆ ನಲವತ್ತು ವರ್ಷದ ಹೊಗೆ ಹಿಡಿಸಬೇಕಾದರೆ ಗೇಜಿನೆಯೇ ಬರಬೇಕು. ಮೂವತ್ತೈದು ವರ್ಷ ಸಿನಿಮಾ, ಟಿವಿ ಧಾರಾವಾಹಿಗಳಿಗೆ ಕಲಾ ನಿರ್ದೇಶಕಿಯಾಗಿ ದುಡಿದಳು, ಅವಳ ಸುಳ್ಳು ಒಮ್ಮೆಯೂ ಸಿಕ್ಕಿಬೀಳಲಿಲ್ಲ. ಜರ್ಮನಿಯ ಗೋರ್ಲಿಟ್ಸ್‌ನಲ್ಲಿ, ತನ್ನ ಹುಟ್ಟೂರಿನಲ್ಲೇ, ಶೂಟಿಂಗ್ ನಡೆದ ಈ ಚಿತ್ರವೇ ಕೊನೆಯದು. ಆಮೇಲೆ ನಿವೃತ್ತಿ, ಇಲ್ಲೇ ವಾಸ.

ಶೂಟಿಂಗಿಗೆ ಹಾಂಕೆ ಅಜ್ಜಿಯ ಅಡುಗೆಮನೆ ಸಿಕ್ಕಿತ್ತು. ಮೂರು ವಾರಕ್ಕೆಂದು ತಂಗಿಯ ಮನೆಗೆ ಹೊರಟಾಗ ಅಜ್ಜಿ ಹೇಳಿದ್ದು ಒಂದೇ ಮಾತು.

"ಏನ್ ಬೇಕಾದ್ರೂ ಬದಲಾಯ್ಸಿ. ಬೆಂಚಿನ ಹಿಂದಿರೋ ಆ ಜಿಡ್ಡಿನ ಗುರುತು ಮಾತ್ರ ಮುಟ್ಬೇಡಿ. ನಮ್ಮ ಹೈನರ್ ತಲೆ ಒರಗಿಸ್ತಿದ್ದ ಜಾಗ ಅದು."

ಮುಟ್ಟಬೇಡ ಅಂದದ್ದೇ ಆಗಬೇಕೆ! ಶೂಟಿಂಗ್ ಮುಗಿದು ಮನೆ ಮೊದಲಿನಂತೆ ಮಾಡಿಕೊಡುವಾಗ, ಶುಚಿಯ ಭೂತ ಹಿಡಿದ ಪೇಂಟರ್ ಉವೆ ಸೋಪು ಹಾಕಿ ಅದನ್ನೇ ತಿಕ್ಕಿಬಿಟ್ಟ.

"ಶೂಟಿಂಗಿಗೆ ಮುಂಚೆ ತೆಗೆದ ಫೋಟೊ ಇದ್ಯಲ್ಲ ಮೇಡಂ, ನೋಡಿ ಇನ್ನೊಂದು ಮಾಡಿ. ಮುದುಕಿಗೇನ್ ಗೊತ್ತಾಗತ್ತೆ?"

"ಬಾಯ್ಮುಚ್ಚು," ಎಂದಳು ಗೇಜಿನೆ. ಮಾಡಿದ್ದು ಮಾತ್ರ ಅದನ್ನೇ. ಟೀ ಡಿಕಾಕ್ಷನ್, ಹಂದಿಕೊಬ್ಬು, ಚಿಟಿಕೆ ಮಸಿ. ಎರಡು ದಿನ ಕೂತು ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲದಂತೆ ತಂದಳು. ಆದರೆ ಕಳ್ಳನ ಮನಸ್ಸು ಹುಳ್ಳಹುಳ್ಳಗೆ. ಸತ್ತವನ ಗುರುತನ್ನು ನಕಲು ಮಾಡಿ ಅವನ ಹೆಂಡತಿಗೇ ಕೊಡುವುದೆ?

ಅಜ್ಜಿ ಬಂದವಳು ಕೋಟನ್ನೂ ಬಿಚ್ಚದೆ ಬೆಂಚಿನ ಮೇಲೆ ಮೊಣಕಾಲೂರಿ ಗೋಡೆಗೆ ಮೂಗು ಹಚ್ಚಿದಳು.

"ಇದು ಟೀ," ಎಂದಳು. "ಹೈನರ್ ತಲೆಗೆ ಬರ್ಚ್ ಮರದ ತೈಲ ಹಚ್ತಿದ್ದ."

ಉವೆ ಮೆಲ್ಲಗೆ ಬಾಗಿಲ ಕಡೆ ಜಾರಿದ.

"ತಪ್ಪಾಯ್ತಮ್ಮ. ಅದು ತೊಳೆದುಹೋಯ್ತು. ಇದು ನಾನು ಮಾಡಿದ್ದು," ಎಂದ ಗೇಜಿನೆಗೆ ಅಳು ತಡೆಯಲಾಗಲಿಲ್ಲ.

ಅಜ್ಜಿ ಆ ಗೋಡೆಯ ಮೇಲೆ ಅಂಗೈ ಸವರಿದಳು. ಆಮೇಲೆ ಒಳಗೆ ಹೋಗಿ ಅರ್ಧ ಉಳಿದಿದ್ದ ತೈಲದ ಬಾಟಲಿ ತಂದಳು.

"ನಿನ್ನದನ್ನ ಒರೆಸು. ಒರೆಸಿ ಇಲ್ಲಿ ಕೂತ್ಕೋ."

ಗೇಜಿನೆ ಒರೆಸಿ ಕೂತಳು. ಅಜ್ಜಿ ಅವಳ ನರೆಗೂದಲಿಗೆ ತೈಲ ಸವರಿದಳು.

"ಆ ಗುರುತು ಮೂಡ್ಸೋಕೆ ಅವನಿಗೆ ನಲವತ್ತು ವರ್ಷ ಹಿಡೀತು. ನಿನಗಿನ್ನು ಕೆಲಸ ಇಲ್ವಲ್ಲ, ದಿನಾ ಮೂರು ಗಂಟೆಗೆ ಕಾಫಿಗೆ ಬಾ. ಬಂದು ಒರಗು."

"ಅಮ್ಮಾ, ಹೈನರ್‌ದು ಬರಲ್ಲ. ನನ್ನದೇ ಬರತ್ತೆ."

"ಬರ್ಲಿ ಬಿಡೇ. ಈ ಬೆಂಚಲ್ಲಿ ಒಬ್ಬಳೇ ಕೂತು ಸಾಕಾಗಿದೆ ನಂಗೆ."

ಗೇಜಿನೆ ಗೋಡೆಗೆ ತಲೆ ಆನಿಸಿದಳು. ಅಜ್ಜಿ ಕಾಫಿಗೆ ನೀರಿಟ್ಟಳು, ಎರಡು ಲೋಟ.