ಎಡಗಡೆಯಿಂದ ಬಂದ ಲಾರಿ

ಅಜ್ಜಂಪುರದ ರುದ್ರಮೂರ್ತಿಯವರ ಮನೆಯಲ್ಲಿ ಕೆಲವು ದಿನಗಳಿಂದ ಸಂಜೆಯಾದರೆ ಸಾಕು, ಜಗಳ. ಗಂಡ ಹೆಂಡತಿಗಲ್ಲ, ಅತ್ತೆ ಸೊಸೆಗೂ ಅಲ್ಲ. ಜಗಳವೆಲ್ಲ ರುದ್ರಮೂರ್ತಿಯವರಿಗೂ ಕಂಪ್ಯೂಟರಿಗೂ.

ರುದ್ರಮೂರ್ತಿ ಕಡೂರು, ಅಜ್ಜಂಪುರ, ತರೀಕೆರೆ ದಾರಿಯಲ್ಲಿ ಖಾಸಗಿ ಬಸ್ಸು ಓಡಿಸಿಯೇ ತಲೆಗೂದಲು ಬೆಳ್ಳಗೆ ಮಾಡಿಕೊಂಡವರು. ಒಂದು ಕೋಳಿಮರಿಯನ್ನೂ ಚಕ್ರದಡಿಗೆ ಸಿಕ್ಕಿಸಿದವರಲ್ಲ ಎಂದು ಸುತ್ತಲಿನ ಜನ ಹೇಳುತ್ತಿದ್ದರು. ಈಗ ಕೆಲಸ ಬಿಟ್ಟು ಮನೆಯಲ್ಲಿದ್ದರು. ಬೆಳಗ್ಗೆ ಮೊಮ್ಮಗಳು ಸ್ಫೂರ್ತಿಯನ್ನು ಮೊಪೆಡ್ಡಿನ ಮುಂದೆ ನಿಲ್ಲಿಸಿಕೊಂಡು ಶಾಲೆಗೆ ಬಿಡುವುದು, ಸಂಜೆ ಕರೆತರುವುದು, ಇಷ್ಟೇ ಅವರ ಡ್ಯೂಟಿ.

ಮಗ ಬಸವೇಶ್, ಸೊಸೆ ಸುಮನಾ ಮನೆಯ ಮುಂದಿನ ಕೋಣೆಯಲ್ಲಿ ಸ್ಟುಡಿಯೋ ಇಟ್ಟಿದ್ದರು. ಅವನು ಮದುವೆ ವಿಡಿಯೋ ತೆಗೆದರೆ ಇವಳು ಕೂತು ಎಡಿಟ್ ಮಾಡುವಳು. ಆ ಕೆಲಸಕ್ಕೆಂದೇ, ಪರದೆಯ ಚಿತ್ರವನ್ನು ತಡೆಯಿಲ್ಲದೆ ಮೂಡಿಸುವ ಒಳ್ಳೆಯ ಗ್ರಾಫಿಕ್ಸ್ ಕಾರ್ಡನ್ನು ಕಂಪ್ಯೂಟರಿನೊಳಗೆ ಹಾಕಿಸಿದ್ದರು. ಅಪ್ಪ ಸುಮ್ಮನೆ ಜಗಲಿಯಲ್ಲಿ ಕೂತಿರುವುದನ್ನು ನೋಡಲಾರದೆ ಬಸವೇಶ್ ಆ ಕಂಪ್ಯೂಟರಿಗೆ ಬಸ್ ಓಡಿಸುವ ಆಟವೊಂದನ್ನು ಹಾಕಿದ. ಯಾರೋ ಆಡಿ ಬಿಟ್ಟ ಆಟದ ಸ್ಟೇರಿಂಗನ್ನೂ ತಂದುಕೊಟ್ಟ.

ಸ್ಟೇರಿಂಗ್ ಕೈಗೆ ಸಿಕ್ಕಿದ್ದೇ ತಡ, ರುದ್ರಮೂರ್ತಿ ಮತ್ತೆ ಪ್ರಾಯಕ್ಕೆ ಬಂದರು. ಹಾರ್ನ್ ಹೊಡೆದದ್ದೇನು, "ರೈಟ್ ರೈಟ್" ಅಂದದ್ದೇನು! ಆದರೆ ಬಸ್ಸು ಮಾತ್ರ ಹೋಗಿ ಹೋಗಿ ಏನಕ್ಕಾದರೂ ಗುದ್ದುತ್ತಿತ್ತು.

"ಮೋಸ ಕಣೇ ಇದು!" ಎಂದು ಅವತ್ತೂ ಕೂಗಿದರು. "ರಸ್ತೆ ಖಾಲಿ ಇತ್ತು. ಎಲ್ಲಿಂದಲೋ ಲಾರಿ ಉದುರಿಬಿಡ್ತು. ಈ ಆಟ ಮಾಡಿದೋನಿಗೆ ರಸ್ತೇನೂ ಗೊತ್ತಿಲ್ಲ, ಲಾರೀನೂ ಗೊತ್ತಿಲ್ಲ."

ಹೆಂಡತಿ ಮಲ್ಲಿಕಾಂಬ ಬಾಗಿಲಲ್ಲಿ ಅವರೆಕಾಯಿ ಸುಲಿಯುತ್ತಾ ಕೂತಿದ್ದರು. "ದಿನಾ ಬೈತೀರಿ, ದಿನಾ ಆಡ್ತೀರಿ. ಅದೇನ್ ನಿಮ್ ಕಂಡಕ್ಟರಾ, ಬೈಸ್ಕೊಂಡು ಸುಮ್ನಿರೋಕೆ?"

ಸುಮನಾ ನಕ್ಕಳು. "ಮಾವ, ಲಾರಿ ಉದುರ್ತೋ ಇಲ್ವೋ ಅಂತ ನೋಡೇಬಿಡಾಣ. ನೀವು ಆಡೋದನ್ನ ರೆಕಾರ್ಡ್ ಮಾಡ್ಲಾ?"

"ಕ್ಯಾಮೆರಾ ತತ್ತೀಯಾ?"

"ಕ್ಯಾಮೆರಾ ಬೇಡ. ಗ್ರಾಫಿಕ್ಸ್ ಕಾರ್ಡ್ ಜೊತೆಗೆ ಒಂದು ಸಾಫ್ಟ್‌ವೇರ್ ಬತ್ತದೆ. ಪರದೆ ಮೇಲೆ ಏನ್ ಕಾಣ್ತದೋ ಅದನ್ನೇ ವಿಡಿಯೋ ಮಾಡಿಡ್ತದೆ."

ರುದ್ರಮೂರ್ತಿ ಸ್ಟೇರಿಂಗಿನಿಂದ ಕೈ ತೆಗೆದರು. "ಅದಕ್ಕೆ ದುಡ್ಡು?"

"ಬೇರೆ ದುಡ್ಡಿಲ್ಲ. ಕಾರ್ಡ್ ಜೊತೆಗೇ ಅದೂ ಬತ್ತದೆ."

"ಆಮೇಲೆ ಅದು ಊರಿಗೆಲ್ಲಾ ಹೋಯ್ತದಾ? ನಾನು ಗುದ್ದೋದನ್ನ ಬಸ್‌ಸ್ಟ್ಯಾಂಡಿನೋರು ನೋಡಿದ್ರೆ ಮರ್ಯಾದೆ ಏನಾಯ್ತದೆ?"

"ಎಲ್ಲಿಗೂ ಹೋಗಲ್ಲ ಮಾವ. ಈ ಡಬ್ಬದೊಳಗೇ ಇರ್ತದೆ. ನಾವಾಗಿ ಕಳಿಸಿದ್ರೆ ಮಾತ್ರ ಹೋಗೋದು. ಅದಕ್ಕೇ ನಿಮ್ಮನ್ನ ಕೇಳ್ತಿರೋದು."

ಕೇಳಿದ್ದು ಅವರಿಗೆ ಹಿಡಿಸಿತು. "ಮಾಡು ಮತ್ತೆ. ಇದರ ಮೋಸ ಬಯಲಾಗ್ಲಿ."

ಸುಮನಾ ಕೀಬೋರ್ಡಿನಲ್ಲಿ ಆಲ್ಟ್ ಮತ್ತು ಎಫ್ ಒಂಬತ್ತು ಎಂಬ ಕೀಲಿಗಳನ್ನು ಒಟ್ಟಿಗೆ ಒತ್ತಿದಳು. ಪರದೆಯ ಮೂಲೆಯಲ್ಲಿ ರೆಕಾರ್ಡಿಂಗಿನ ಸಣ್ಣ ಗುರುತು ಮೂಡಿತು. ರುದ್ರಮೂರ್ತಿ ಗಂಭೀರವಾಗಿ ಬಸ್ಸು ಹೊರಡಿಸಿದರು. ಒಂದು ಊರು ದಾಟಿತು, ಸೇತುವೆ ದಾಟಿತು. ಮೂರು ರಸ್ತೆ ಕೂಡುವ ಕಡೆ ಧಡಾರ್!

"ನೋಡು! ಮತ್ತೆ ಉದುರ್ತು!"

ಸುಮನಾ ಅದೇ ಕೀಲಿಗಳನ್ನು ಮತ್ತೆ ಒತ್ತಿ ರೆಕಾರ್ಡಿಂಗ್ ನಿಲ್ಲಿಸಿದಳು. ವಿಡಿಯೋಗಳು ಕೂಡಿಬೀಳುವ ಫೋಲ್ಡರ್ ತೆರೆದು ಹೊಸದನ್ನು ಹಚ್ಚಿದಳು. ಮೊದಲು ಕೇಳಿಸಿದ್ದು ಬಸ್ಸಿನ ಸದ್ದಲ್ಲ, ಮಲ್ಲಿಕಾಂಬರ ದನಿ. "ಪಕ್ಕದ್ಮನೆ ಕಲ್ಲಮ್ಮನ ಸಾರು ತಿಂದ್ರೆ ಉಪ್ಪನ್ನ ಹುಡುಕ್ಕೊಂಡು ಹೋಗ್ಬೇಕು ಕಣೇ…"

"ಅಯ್ಯೋ ಶಿವನೇ! ಇದನ್ನೂ ಹಿಡ್ಕಂಡದಾ?" ಮಲ್ಲಿಕಾಂಬರ ಮಡಿಲಿನ ಅವರೆಕಾಯಿ ನೆಲದ ತುಂಬಾ ಹರಡಿತು.

"ಮೈಕ್ ಆನ್ ಇತ್ತು ಅತ್ತೆ. ತಪ್ಪು ನಂದೇ. ಶುರು ಮಾಡೋಕ್ ಮುಂಚೆ ಮೈಕ್ ಬೇಕೋ ಬೇಡ್ವೋ ನೋಡ್ಕೋಬೇಕು." ಸುಮನಾ ಸೆಟ್ಟಿಂಗಿಗೆ ಹೋಗಿ ಮೈಕ್ ಆಫ್ ಮಾಡಿದಳು. ಎಲ್ಲರೂ ಹೊಟ್ಟೆ ಹಿಡಿದುಕೊಂಡು ನಕ್ಕರು.

ಆದರೆ ವಿಡಿಯೋ ಮುಂದೆ ಹೋದಂತೆ ನಗು ಕಡಿಮೆಯಾಯಿತು. ಮೂರು ರಸ್ತೆ ಕೂಡುವ ಜಾಗ ಬಂತು. ಎಡಗಡೆಯ ರಸ್ತೆಯಲ್ಲಿ ಕೆಂಪು ಲಾರಿಯೊಂದು ದೂರದಿಂದಲೇ ಬರುತ್ತಿತ್ತು. ಅದು ಉದುರಲೂ ಇಲ್ಲ, ಹಾರಿ ಬರಲೂ ಇಲ್ಲ. ಸಾವಕಾಶವಾಗಿ, ದೀಪ ಹಾಕಿಕೊಂಡು ಬಂತು. ಬಸ್ಸು ನೇರವಾಗಿ ಹೋಗಿ ಅದಕ್ಕೆ ಗುದ್ದಿತು.

ರುದ್ರಮೂರ್ತಿ ಕತ್ತು ಎಡಕ್ಕೆ ತಿರುಗಿಸಿ ಪರದೆಯ ಅಂಚನ್ನೇ ನೋಡಿದರು. "ಇದು ಆಗ ಇರ್ಲಿಲ್ಲ."

"ಇತ್ತು ಮಾವ. ನಾನೂ ನೋಡ್ತಾ ನಿಂತಿದ್ದೆ."

"ನೀವು ಎಡಿಟ್ ಮಾಡೋ ಜನ. ಮದುವೆಗೆ ಬರ್ದೇ ಇದ್ದೋರನ್ನೂ ಫೋಟೋದಲ್ಲಿ ನಿಲ್ಲಿಸ್ತೀರಿ. ಒಂದು ಲಾರಿ ತಂದು ಹಾಕೋದು ನಿಮಗೇನು ದೊಡ್ಡದು?"

ಸುಮನಾ ಬೇಸರ ಮಾಡಿಕೊಳ್ಳಲಿಲ್ಲ. ಕೀಬೋರ್ಡ್ ಬಿಟ್ಟು ದೂರ ನಿಂತಳು. "ಹಂಗಾದ್ರೆ ಈ ಸಲ ನೀವೇ ಒತ್ತಿ, ನೀವೇ ಆಡಿ, ನೀವೇ ನಿಲ್ಸಿ. ನಾನು ಮುಟ್ಟೋದೇ ಇಲ್ಲ."

ರುದ್ರಮೂರ್ತಿ ಕೀಲಿಗಳನ್ನು ಹುಡುಕಿ ಒತ್ತಿದರು. ಮೂಲೆಯ ಗುರುತು ನೋಡಿಕೊಂಡರು. ಬಸ್ಸು ಓಡಿಸಿದರು. ಈ ಸಲ ಗುದ್ದಿದ್ದು ಒಂದು ಹಸುವಿಗೆ. ತಾವೇ ನಿಲ್ಲಿಸಿ, ತಾವೇ ಫೋಲ್ಡರ್ ತೆರೆದು, ತಾವೇ ವಿಡಿಯೋ ಹಚ್ಚಿ, ಕತ್ತು ತಿರುಗಿಸಿ ಪರದೆಯ ಎಡ ಅಂಚನ್ನೇ ನೋಡಿದರು. ಎಡಗಡೆಯ ಬೇಲಿಯಿಂದ ಹಸು ಮೆಲ್ಲಗೆ ರಸ್ತೆಗೆ ಇಳಿಯುತ್ತಿತ್ತು. ಎಷ್ಟು ಮೆಲ್ಲಗೆಂದರೆ ಯಾವ ಡ್ರೈವರಾದರೂ ಹಾರ್ನ್ ಹೊಡೆದು, ಬೀಡಿ ಹಚ್ಚಿಕೊಂಡು, ಆಮೇಲೆ ಬ್ರೇಕ್ ಹಾಕಬಹುದಿತ್ತು.

ರುದ್ರಮೂರ್ತಿ ಅದೇ ವಿಡಿಯೋವನ್ನು ಇನ್ನೊಮ್ಮೆ ಹಚ್ಚಿದರು.

ಅವರ ಕಣ್ಣ ಮುಂದೆ ಇನ್ನೊಂದು ರಸ್ತೆ ಬಂತು. ಕಳೆದ ವಾರ ಸ್ಫೂರ್ತಿಯನ್ನು ಶಾಲೆಗೆ ಕರೆದೊಯ್ಯುವಾಗ ತಿರುವಿನಲ್ಲಿ ಆಟೋ ಒಂದು ಮೊಪೆಡ್ಡಿಗೆ ತಾಗುವಷ್ಟು ಹತ್ತಿರ ಬಂದು ಕಿರ್ರೆಂದು ನಿಂತಿತ್ತು. ಅವರು ಆಟೋದವನಿಗೆ ಬಾಯಿಗೆ ಬಂದಂತೆ ಬೈದಿದ್ದರು. ಅವನು ಕೈ ಜೋಡಿಸಿ, "ಯಜಮಾನ್ರೇ, ನಾನ್ ದೂರದಿಂದ್ಲೇ ದೀಪ ಹಾಕ್ಕಂಡು ಬತ್ತಿದ್ದೀನಿ, ಕಾಣ್ಲಿಲ್ವಾ?" ಅಂದಿದ್ದ. ಆ ಆಟೋ ಬಂದದ್ದೂ ಎಡಗಡೆಯಿಂದಲೇ. ಮನೆಯಲ್ಲಿ ಅವರು ಈ ವಿಷಯ ಎತ್ತಿರಲಿಲ್ಲ.

ಮೊಪೆಡ್ಡಿನ ಮುಂದೆ ನಿಂತು "ತಾತ, ಜೋರಾಗಿ ಹೋಗು" ಎನ್ನುವ ಆ ಪುಟ್ಟ ಬೆನ್ನು ನೆನಪಾಯಿತು.

"ಮಲ್ಲಿಕಾ," ಎಂದರು. ಹೆಂಡತಿಯನ್ನು ಹಾಗೆ ಮೆತ್ತಗೆ ಕರೆದು ಎಷ್ಟೋ ಕಾಲವಾಗಿತ್ತು. "ನನಗೆ ಎಡಗಡೆ ಸರಿಯಾಗಿ ಕಾಣ್ತಿಲ್ಲ ಕಣೇ."

ಮಲ್ಲಿಕಾಂಬ ಹತ್ತಿರ ಬಂದರು. "ನನಗೂ ಅನುಮಾನ ಇತ್ತು ಕಣ್ರೀ. ಎಡಗೈ ಹತ್ರ ಲೋಟ ಇಟ್ರೆ ಉರುಳಿಸ್ತಿದ್ರಿ. ಕೇಳಿದ್ರೆ ಎಲ್ಲಿ ರೇಗ್ತೀರೋ ಅಂತ ಸುಮ್ನಿದ್ದೆ."

"ಓದೋಕೆ ಚೆನ್ನಾಗೇ ಕಾಣ್ತದಲ್ಲಾ! ಪೇಪರ್ ಓದ್ತೀನಿ, ದೂರದ ಬೋರ್ಡ್ ಓದ್ತೀನಿ…"

"ಎದುರಿಗಿರೋದು ಕಾಣೋದೇ ಬೇರೆ, ಪಕ್ಕದ್ದು ಕಾಣೋದೇ ಬೇರೆ ಮಾವ," ಎಂದಳು ಸುಮನಾ. "ನಾಳೆ ಕಣ್ಣಿನ ಡಾಕ್ಟ್ರ ಹತ್ರ ಹೋಗಾಣ."

ರುದ್ರಮೂರ್ತಿ ಜೇಬಿನಿಂದ ಮೊಪೆಡ್ಡಿನ ಕೀ ತೆಗೆದು ಸೊಸೆಯ ಕೈಗಿಟ್ಟರು. ಯಾರೂ ಕೇಳಿರಲಿಲ್ಲ.

ಮಾರನೆಯ ದಿನ ಮಾವ, ಸೊಸೆ ಬಸ್ಸು ಹತ್ತಿ ತರೀಕೆರೆಗೆ ಹೋದರು. ಅಲ್ಲಿನ ಡಾಕ್ಟರು ಕಣ್ಣಿನ ಒತ್ತಡ ನೋಡಿ, ಹೆಚ್ಚಿನ ಪರೀಕ್ಷೆಗೆ ಶಿವಮೊಗ್ಗಕ್ಕೆ ಬರೆದುಕೊಟ್ಟರು. ಶಿವಮೊಗ್ಗದಲ್ಲಿ ಗುಂಡನೆಯ ಬಟ್ಟಲಿನಂಥ ಯಂತ್ರದೊಳಗೆ ಮುಖ ಇಟ್ಟು, ಬೆಳಕಿನ ಚುಕ್ಕಿ ಕಂಡಾಗಲೆಲ್ಲ ಬಟನ್ ಒತ್ತಬೇಕಿತ್ತು. ಎಡಗಡೆಯ ಎಷ್ಟೋ ಚುಕ್ಕಿಗಳಿಗೆ ರುದ್ರಮೂರ್ತಿಯವರ ಬೆರಳು ಅಲುಗಲಿಲ್ಲ.

ಅದು ಗ್ಲಾಕೋಮಾ. ನೋವಿಲ್ಲದೆ, ಸದ್ದಿಲ್ಲದೆ ಪಕ್ಕದ ನೋಟವನ್ನು ತಿಂದುಹಾಕುವ ಕಾಯಿಲೆ. ಡಾಕ್ಟರಮ್ಮ ಸಮಾಧಾನವಾಗಿ ಹೇಳಿದರು: "ಹೋಗಿರೋ ನೋಟ ವಾಪಸ್ ಬರಲ್ಲ ಯಜಮಾನ್ರೇ. ಉಳಿದಿರೋದನ್ನ ಉಳಿಸ್ಕೊಳ್ಳೋಕೆ ದಾರಿ ಇದೆ. ಈ ಹನಿ ಔಷಧಿ ಒಂದು ದಿನಾನೂ ತಪ್ಪಿಸಬೇಡಿ. ಗಾಡಿ ಮಾತ್ರ ಬೇಡ. ಅದಿರ್ಲಿ, ನಿಮಗೆ ಹೇಗೆ ಅನುಮಾನ ಬಂತು? ಬಹಳ ಜನ ಪೂರ್ತಿ ಹೋದಮೇಲೆ ಬರ್ತಾರೆ."

ರುದ್ರಮೂರ್ತಿ ನಾಚುತ್ತಾ ಸುಮನಾಳ ಕಡೆ ನೋಡಿದರು. ಅವಳು ಮಾವನನ್ನು ಕೇಳಿಯೇ ಮೊಬೈಲಿಗೆ ಹಾಕಿಕೊಂಡು ಬಂದಿದ್ದ ಹಸುವಿನ ವಿಡಿಯೋ ತೋರಿಸಿದಳು. ಡಾಕ್ಟರಮ್ಮ ಅದನ್ನು ಎರಡು ಸಲ ನೋಡಿದರು.

"ಆಟ ನೋಡಿ ಕಾಯಿಲೆ ಹೇಳೋಕಾಗಲ್ಲಮ್ಮ, ಅದಕ್ಕೆ ಪರೀಕ್ಷೇನೇ ಆಗ್ಬೇಕು," ಎಂದರು. "ಆದ್ರೆ ನಿಮ್ಮ ಮಾವನೋರನ್ನ ಇಲ್ಲಿಗೆ ಕರ್ಕೊಂಡು ಬಂದಿದ್ದು ಇದೇ. ಒಳ್ಳೇದಾಯ್ತು."

ಈಗ ರುದ್ರಮೂರ್ತಿ ಮೊಮ್ಮಗಳ ಕೈ ಹಿಡಿದು ನಡೆದುಕೊಂಡೇ ಶಾಲೆಗೆ ಹೋಗುತ್ತಾರೆ. ರಸ್ತೆ ದಾಟುವಾಗ ಕತ್ತು ಪೂರ್ತಿ ಎಡಕ್ಕೆ ತಿರುಗಿಸುತ್ತಾರೆ; ಸ್ಫೂರ್ತಿಯೂ ತಾತನಂತೆಯೇ ತಿರುಗಿಸುತ್ತಾಳೆ. ನಡೆಯುವುದರಿಂದ ದಾರಿಯಲ್ಲಿ ಮಾತು ಜಾಸ್ತಿ, ಕಡಲೆಕಾಯಿಯೂ ಜಾಸ್ತಿ. ಸಂಜೆಯ ಬಸ್ಸು ಮಾತ್ರ ನಿಂತಿಲ್ಲ. ಆಟ ಮುಗಿದ ಮೇಲೆ ತಾವೇ ರೆಕಾರ್ಡ್ ಮಾಡಿದ್ದನ್ನು ಹಾಕಿಕೊಂಡು ನೋಡುತ್ತಾರೆ. ಗುದ್ದುವುದು ಎಷ್ಟೋ ಕಡಿಮೆಯಾಗಿದೆ. ಅಪ್ಪ ಹಸುವಿಗೆ ಗುದ್ದಿದ್ದನ್ನು ಬಸವೇಶ್ ಒಮ್ಮೆ ಸ್ಟೇಟಸ್ಸಿಗೆ ಹಾಕಲು ಹೊರಟಾಗ ಸುಮನಾ ತಡೆದಳು: "ಮಾವನ್ನ ಕೇಳಿದ್ರಾ?" ಅವನು ಕೇಳಿದ. ಅಪ್ಪ ಬೇಡ ಅಂದರು. ಅಲ್ಲಿಗೆ ಮುಗಿಯಿತು.

ಮೊನ್ನೆ ಅವರ ಹಳೆಯ ಕಂಡಕ್ಟರ್ ತಿಮ್ಮೇಶ್ ಮನೆಗೆ ಬಂದಿದ್ದರು. ಈಗ ಅವರದು ತರೀಕೆರೆಯಲ್ಲಿ ಜೆರಾಕ್ಸ್ ಅಂಗಡಿ. "ಮಗ ಬಿಲ್ ಮಾಡೋದನ್ನ ದಿನಾ ಹೇಳ್ಕೊಡ್ತಾನೆ ಕಣಯ್ಯ, ಬೆಳಗಾದ್ರೆ ಮರ್ತೋಯ್ತದೆ. ಮತ್ತೆ ಕೇಳಿದ್ರೆ ಸಿಡುಕ್ತಾನೆ," ಎಂದು ಅಲವತ್ತುಕೊಂಡರು.

"ನಿನ್ನ ಕಂಪ್ಯೂಟರ್‌ಗೆ ಗ್ರಾಫಿಕ್ಸ್ ಕಾರ್ಡ್ ಐತೇನೋ?"

"ಮಗ ಆಟ ಆಡೋಕೆ ಅಂತ ಹಾಕ್ಸವ್ನೆ."

"ಹಂಗಾದ್ರೆ ಸಲೀಸು! ಅದರ ಜೊತೆ ಬರೋ ಸಾಫ್ಟ್‌ವೇರು ಆಟ ಮಾತ್ರ ಅಲ್ಲ, ಡೆಸ್ಕ್‌ಟಾಪ್ ಮೇಲೆ ಮಾಡೋ ಕೆಲಸಾನೂ ರೆಕಾರ್ಡ್ ಮಾಡ್ತದೆ. ಸೆಟ್ಟಿಂಗ್‌ನಲ್ಲಿ ಡೆಸ್ಕ್‌ಟಾಪ್ ಅನ್ನೋದನ್ನ ಆನ್ ಮಾಡ್ಬೇಕು. ಮಗ ಬಿಲ್ ಮಾಡಿ ತೋರ್ಸುವಾಗ ರೆಕಾರ್ಡಿಂಗ್ ಕೀಲಿ ಒತ್ತು. ಆಮೇಲೆ ಎಷ್ಟ್ ಸಲ ಬೇಕಾದ್ರೂ ನೋಡ್ಕೋ. ವಿಡಿಯೋ ಸಿಡುಕಲ್ಲ!" ಎಂದು ನಕ್ಕು, ಥಟ್ಟನೆ ಬೆರಳೆತ್ತಿ ಹೇಳಿದರು. "ಬ್ಯಾಂಕಿನ ಪುಟ ತೆರೆಯೋಕ್ ಮುಂಚೆ ನಿಲ್ಲಿಸ್ಬಿಡು. ಇಲ್ದಿದ್ರೆ ಖಾತೆ ನಂಬರ್ರೂ ವಿಡಿಯೋದಲ್ಲಿ ಕೂತ್ಕಂತದೆ."

ಒಳಗಿನಿಂದ ಮಲ್ಲಿಕಾಂಬ ಕೂಗಿದರು: "ಮೈಕ್ ಆಫ್ ಮಾಡೋಕೆ ಹೇಳ್ರೀ ಮೊದ್ಲು!"

ಓದುವವರೇ, ಕೇಳುವವರೇ, ಇನ್ನು ನಿಮ್ಮ ಮನೆಯ ಮಾತು. ನಿಮ್ಮ ಕಂಪ್ಯೂಟರಿನಲ್ಲಿ ಗ್ರಾಫಿಕ್ಸ್ ಕಾರ್ಡ್ ಇದ್ದರೆ ಅದರ ಜೊತೆ ಬಂದ ಸಾಫ್ಟ್‌ವೇರ್ ತೆರೆದು ರೆಕಾರ್ಡಿಂಗ್ ಎಲ್ಲಿದೆ ಎಂದು ಹುಡುಕಿ. ಒತ್ತಬೇಕಾದ ಕೀಲಿಗಳು ಕಾರ್ಡಿನಿಂದ ಕಾರ್ಡಿಗೆ ಬೇರೆಯಾಗಬಹುದು, ಸೆಟ್ಟಿಂಗಿನಲ್ಲೇ ಬರೆದಿರುತ್ತದೆ. ಬೇರೆಯವರ ಆಟವನ್ನೋ ಕೆಲಸವನ್ನೋ ರೆಕಾರ್ಡ್ ಮಾಡುವ ಮುಂಚೆ ಅವರನ್ನು ಕೇಳಿ, ಯಾರಿಗಾದರೂ ಕಳಿಸುವ ಮುಂಚೆ ಇನ್ನೊಮ್ಮೆ ಕೇಳಿ. ಪಾಸ್‌ವರ್ಡ್, ಬ್ಯಾಂಕು ಬಂದಾಗ ನಿಲ್ಲಿಸಿ. ಬೇಡವಾದ ವಿಡಿಯೋ ಅಳಿಸಿ, ಇಲ್ಲದಿದ್ದರೆ ಕಂಪ್ಯೂಟರಿನ ಜಾಗವೆಲ್ಲ ತುಂಬಿಹೋಗುತ್ತದೆ.

ನಿಮ್ಮ ಮನೆಯ ಹಿರಿಯರು ಯಾವುದಾದರೂ ಒಂದು ಕಡೆಯ ಸಾಮಾನಿಗೇ ತಾಗುತ್ತಾ, ಎಡವುತ್ತಾ ಇದ್ದರೆ ರೆಕಾರ್ಡಿಂಗಿಗೂ ಕಾಯಬೇಡಿ. ರೇಗುತ್ತಾರೆಂದು ಸುಮ್ಮನಿರಲೂ ಬೇಡಿ. ನೇರವಾಗಿ ಕಣ್ಣಿನ ಡಾಕ್ಟರ ಹತ್ತಿರ ಕರೆದುಕೊಂಡು ಹೋಗಿ. ನಾಳೆ ಬೆಳಗ್ಗೆಯೇ ಹೊರಡಿ.