ಒಣಗದ ಮದರಂಗಿ

ಕಿಟಕಿಯಾಚೆ ಬಿಸಿಲು ಬಿಳಿ ಗೋಡೆಗಳಿಗೆ ಬಡಿದು ಕಣ್ಣು ಚುಚ್ಚುತ್ತಿದೆ, ಮೆಟ್ರೋ ಸ್ಟೇಡಿಯಂ ನಿಲ್ದಾಣ ದಾಟಿತು, ಅಲ್ಲಿ ಇಳಿದವರಲ್ಲಿ ಯಾರು, ಕಪ್ಪು ಚೀಲದವಳೇ, ತಲೆ ತಗ್ಗಿಸಿಯೇ ಕೂತಿದ್ದ ಆ ಹುಡುಗಿಯೇ, ಹೆಂಗಸರ ಬೋಗಿ, ಇಲ್ಲಿ ಯಾರ ಹೆದರಿಕೆ ಅಂದುಕೊಂಡಿದ್ದೆನಲ್ಲ — ಪಕ್ಕದಲ್ಲಿ ಮಗಳು ನಾಫಿಯಾ ತನ್ನ ಫೋನು ತೋರಿಸುತ್ತಿದ್ದಾಳೆ, ಮಮ್ಮಿ, ಮೈ ಬ್ಲೂಟೂತ್ ಈಸ್ ಆಫ್, ಇಟ್ ವಾಸಂಟ್ ಮಿ, ಹಾಗಾದರೆ ಜೋಡಿಸಲೇ ಎಂದು ಕೇಳಿದ ಫೋನು ಯಾರದು, ನಿನ್ನೆಯ ಫೋಟೋ ಕೊಡಿ ಎಂದು ಇವಳು ಕೇಳಿದ್ದೇ ತಡ ನನ್ನ ಪರದೆಯಲ್ಲಿ ಇವಳ ಫೋನಿನ ಕಂಪನಿಯದೇ ಹೆಸರು ಬಂತು, ಇವಳದೇ ಅಂದುಕೊಂಡು ಹೂಂ ಎಂದು ಒತ್ತಿದೆ, ಫೈಲು ನೋಡಬಹುದೇ ಎಂದಿತು, ಅದಕ್ಕೂ ಹೂಂ, ಫೋಟೋ ಯಾರ ಫೋನಿಗೋ ಹೋಯಿತು, ಈಗ ಆ ಹೆಸರೂ ಇಲ್ಲ, ಖಲಾಸ್.

ಎಂಥಾ ಬುದ್ಧಿವಂತೆ ನಾನು, ನಿನ್ನೆ ಮದರಂಗಿ ಮನೆಗೆ ಕಾನೂನು ಮಾಡಿದವಳೇ ನಾನು, ಬಾಗಿಲಲ್ಲಿ ನಿಂತು ಯಲ್ಲಾ, ಗಂಡಸರೆಲ್ಲ ಕೆಳಗೆ ಎಂದು ನನ್ನ ಗಂಡ ಅರ್ಶದನನ್ನೂ ಓಡಿಸಿದವಳು, ವಾಟ್ಸಾಪಿಗೆ ಒಂದು ಫೋಟೋವೂ ಬೇಡ, ಅಲ್ಲಿ ಹಾಕಿದರೆ ಯಾವ ಗಂಡಸಿನ ಕೈಗೆ ಹೋಗುತ್ತದೋ, ಬ್ಲೂಟೂತಾದರೆ ಫೋನಿಂದ ಫೋನಿಗೆ, ನಮ್ಮ ಹೆಂಗಸರೊಳಗೇ — ಎಲ್ಲರೂ ತೆರೆದಿಟ್ಟರು, ನಾನೂ ತೆರೆದಿಟ್ಟೆ, ಮುಚ್ಚಲು ಮರೆತೆ. ಸೋಫಾದಲ್ಲಿ ಮದುಮಗಳು ರಶೀದ, ಅರ್ಶದನ ತಂಗಿಯ ಮಗಳು, ಬುದ್ಧಿ ಬಂದಾಗಿನಿಂದ ಹೊರಗಿನ ಗಂಡಸೊಬ್ಬ ಅವಳ ಕೂದಲು ನೋಡಿಲ್ಲ, ತಲೆ ಮುಚ್ಚಿದ್ದ ತಟ್ಟವು ಜಾರಿ ಬಿತ್ತು, ಎರಡೂ ಅಂಗೈಯಲ್ಲಿ ಹಸಿ ಮದರಂಗಿ, ಕೈ ಚಾಚಿಕೊಂಡೇ ನಗುತ್ತಿದ್ದಳು, ಮಾಮೀ, ತಲೆಗೆ ಸ್ವಲ್ಪ ಹಾಕಿ ಮಾರಾಯ್ತಿ, ನನ್ನ ಕೈ ಹಸಿ ಉಂಟು, ನಿಲ್ಲು ಎಂದು ನಾನು ಮೊದಲು ಫೋಟೋ ತೆಗೆದೆ, ಇದು ಎಲ್ಲಿಗೂ ಹೋಗುದಿಲ್ಲ ಅಲ್ವಾ ಮಾಮಿ, ಎಲ್ಲಿಗೆ ಹೋಗ್ತದೆ, ನನ್ನ ಫೋನಲ್ಲೇ ಇರ್ತದೆ. ಶುಕ್ರವಾರ ನಿಕಾಹ್. ಗಂಡಿನ ಕಡೆಯವರ ಕೈಗೆ ಅದು ಸಿಕ್ಕಿದರೆ, ಸಿಗದೇ ಇದ್ದರೂ ಯಾವನೋ ಒಬ್ಬ ಎಲ್ಲೋ ಕೂತು ನೋಡುತ್ತಿದ್ದರೆ, ಅವಳು ನಂಬಿದ್ದು ನನ್ನನ್ನು.

ಅಲ್ ನಹ್ದಾ ಬಂತು, ಬಾಗಿಲು ತೆರೆಯಿತು, ಮುಚ್ಚಿತು, ಡೋಂಟ್ ಟೆಲ್ ಹರ್, ಮಮ್ಮಿ, ಪ್ಲೀಸ್, ನಾಫಿಯಾಳ ಬೆರಳು ನನ್ನ ಮಣಿಕಟ್ಟಿನ ಮೇಲೆ ತಣ್ಣಗಿದೆ, ಅಲ್ ಕುಸೈಸಿನಲ್ಲಿ ರಶೀದ ಕಾಯುತ್ತಿರುತ್ತಾಳೆ, ಫೋಟೋ ತೋರಿಸಿ ಮಾಮಿ ಎನ್ನುತ್ತಾಳೆ, ಬ್ಲೂಟೂತ್ ಆರಿಸಿದೆ, ಮತ್ತೆ ನೋಡಿ ಮತ್ತೆ ಆರಿಸಿದೆ, ಫೋಟೋ ಅಳಿಸಲೇ, ಅಳಿಸಿದರೆ ನನ್ನಲ್ಲಿ ಮಾತ್ರ ಇರುವುದಿಲ್ಲ, ಯಾರಾದರೂ ಅದಕ್ಕೊಂದು ಬಟ್ಟೆ ಹಾಕಬಾರದೇ, ಯಾರಾದರೂ, ಅವಳಿಗೆ ಆಗುವುದಿಲ್ಲ, ಫೋಟೋದಲ್ಲಿ ತಲೆ ಬರಿದಾಗಿ ಕೂತಿದ್ದಾಳೆ, ಎರಡೂ ಕೈ ಮುಂದೆ ಚಾಚಿ, ಅಂಗೈಯ ಮದರಂಗಿ ಇನ್ನೂ ಹಸಿ