ಹಳ್ಳದಾಚೆಯ ನಾಲ್ಕು ಮನೆ

"ನಮ್ಮನೆ ಗೋಡೆಗೆ ನಂಬರ್ ಬರೆದೋರು ಯಾರಪ್ಪಾ?"

ಲಕ್ಷ್ಮಯ್ಯ ಕೇಳಿದ್ದು ಯಾರನ್ನೂ ಅಲ್ಲ. ದಿನದಂತೆ ಹಳ್ಳದ ದಂಡೆಗೆ ಹೋಗಿ, ಒಂದಷ್ಟು ಹೊತ್ತು ಸುಮ್ಮನೆ ನಿಂತು ಬರುವಷ್ಟರಲ್ಲಿ ಬಾಗಿಲ ಪಕ್ಕ ಕೆಂಪು ಬಣ್ಣದಲ್ಲಿ ನಲವತ್ತೆಂಟು ಎಂದು ಬಿದ್ದಿತ್ತು. ಪಕ್ಕದ ಮೂರು ಮನೆಗಳಿಗೂ ಹಾಗೇ ಸಾಲಾಗಿ ಬರೆದು ಹೋಗಿದ್ದರು. ಬಣ್ಣ ಇನ್ನೂ ಹಸಿ.

ಬಂಡೆಪಾಳ್ಯದಲ್ಲಿ ಜನರಿದ್ದಾರೆ, ದನಕರುಗಳಿವೆ, ಮಿಡಿಗೇಶಿಯಿಂದ ಬರುವ ಬಸ್ಸು ಕೈ ಅಡ್ಡ ಹಿಡಿದರೆ ನಿಲ್ಲುತ್ತದೆ. ಸರ್ಕಾರದ ಲೆಕ್ಕದಲ್ಲಿ ಮಾತ್ರ ಅದು ಊರೇ ಅಲ್ಲ. ಮನೆಗಳಿಗೆ ಗೋಡೆಯಿದೆ, ಸೂರಿದೆ. ಕೆಳಗಿನ ನೆಲ ಯಾರದೂ ಅಲ್ಲ. ಐವತ್ತು ಮನೆಯಾದರೆ ಕಂದಾಯ ಗ್ರಾಮ ಮಾಡಿ ಹಕ್ಕುಪತ್ರ ಕೊಡುತ್ತಾರೆಂದು ಸುದ್ದಿ ಬಂದಾಗಿನಿಂದ ಊರವರು ಎಣಿಸಿದ್ದೇ ಎಣಿಸಿದ್ದು. ದನದ ಕೊಟ್ಟಿಗೆಯನ್ನೂ ಸೇರಿಸಿದರೂ ನಲವತ್ತೇಳರ ಮೇಲೆ ಏರಲಿಲ್ಲ. ಆಗ ಹಳ್ಳದಾಚೆಯ ಈ ನಾಲ್ಕು ಮನೆಯ ಕಾಲೊನಿ ನೆನಪಾಯಿತು.

ಬಿಸಿಲೇರುವ ಮುಂಚೆ ಪಂಚಾಯ್ತಿ ಮೆಂಬರು ರಂಗಸ್ವಾಮಿ, ಊರ ಹಿರಿಯ ತಿಮ್ಮರಾಯಪ್ಪ ಇಬ್ಬರೂ ಹಳ್ಳ ದಾಟಿ ಬಂದರು. ತಿಮ್ಮರಾಯಪ್ಪ ಈ ಅಂಗಳ ತುಳಿದದ್ದು ಅದೇ ಮೊದಲು. ಲಕ್ಷ್ಮಯ್ಯ ತತ್ವಪದ ಹಾಡುವಾಗಲೂ ಆತ ಊರ ಕಡೆಯ ದಂಡೆಯ ಮೇಲೆ ಕೂತೇ ಕೇಳುತ್ತಿದ್ದ. ಲಕ್ಷ್ಮಯ್ಯನ ಮಗಳು ಸಹನಾ ಚಾಪೆ ಹಾಸಿದಳು. ಅದರ ಅಂಚಿನಲ್ಲಿ ಕೂತೂ ಕೂರದಂತೆ ಕೂತರು.

"ಏನ್ ಲಕ್ಷ್ಮಯ್ಯ, ಈಗೀಗ ನಿನ್ ಪದಾನೇ ಕೇಳಾಕಿಲ್ಲ?" ಎಂದ ತಿಮ್ಮರಾಯಪ್ಪ.

"ತಾಳ ಹಾಕೋಳು ಹೋದ್ಲಲ್ಲ ಸ್ವಾಮಿ."

ತಿಮ್ಮರಾಯಪ್ಪ ಎಲೆಯಡಿಕೆ ಸಂಚಿಗೆ ಕೈ ಹಾಕಿದ. ರಂಗಸ್ವಾಮಿಯೇ ಮಾತಿಗೆ ಬಂದ. "ನಾಳೆ ತಹಶೀಲ್ದಾರ್ರು ಬತ್ತಾರೆ ಕಣಯ್ಯ. ಯಾವೂರೋರು ನೀವು ಅಂತ ಕೇಳ್ತಾರೆ. ನಮ್ತಾತನ ಕಾಲ್ದಿಂದ ಬಂಡೆಪಾಳ್ಯದೋರೇ ಅಂದ್ಬುಡು, ಮುಗೀತು. ಮಿಕ್ಕ ಮೂರ್ ಮನೆಯೋರೂ ನಿನ್ ಬಾಯೇ ನೋಡ್ತಾವ್ರೆ."

"ಹಳ್ಳದಾಚೆ ಬ್ಯಾರೆ ಗ್ರಾಮದ ಸರ್ವೆ ನಂಬರು ಅಂದಿದ್ರಲ್ಲ?"

"ಅಂಗೆಲ್ಲ ಇಲ್ಲ. ಅಳತೆ ಮಾಡಿದ್ರೆ ಸರಿಹೋಯ್ತದೆ ಬುಡು."

ಹೋದ ಬೇಸಿಗೆಯಲ್ಲಿ ಅದು ಸರಿಹೋಗಿರಲಿಲ್ಲ. ಕಾಲೊನಿಯವರು ಮಣ್ಣು ಮಾಡುತ್ತಿದ್ದ ಜಾಗಕ್ಕೆ ಹೊಲದೊಡೆಯ ಬೇಲಿ ಹಾಕಿಸಿದ್ದ. ಹಾಗಾಗಿ ಹೆಂಡತಿ ದಾಸಮ್ಮ ತೀರಿಕೊಂಡಾಗ ಲಕ್ಷ್ಮಯ್ಯ ಅವಳನ್ನು ಟ್ರಾಕ್ಟರಿನಲ್ಲಿ ಊರ ಸುಡುಗಾಡಿಗೆ ತಂದ. ದಾರಿಗಡ್ಡ ನಿಂತವನು ಇದೇ ತಿಮ್ಮರಾಯಪ್ಪ. "ನಿಮ್ದು ಬ್ಯಾರೆ ಗ್ರಾಮ, ನಮ್ಮ ಸುಡುಗಾಡಿಗ್ಯಾಕೆ ತಂದ್ರಿ?" ಆ ಇನ್ನೊಂದು ಗ್ರಾಮಕ್ಕೆ ಹೋದರೆ, "ಬಂಡೆಪಾಳ್ಯದೋರಲ್ವೇನ್ಲಾ ನೀವು?" ಎಂದು ಅಲ್ಲಿಯೂ ತಿರುಗಿಸಿ ಕಳಿಸಿದರು. ಸಹನಾ ತಾಯಿಯ ಮುಖದ ಮೇಲಿನ ನೊಣ ಓಡಿಸುತ್ತ ಸಂಜೆಯವರೆಗೂ ಟ್ರಾಲಿಯಲ್ಲೇ ಕೂತಿದ್ದಳು. ಕೊನೆಗೆ ಹಳ್ಳದ ದಂಡೆಯಲ್ಲಿ ಗುಂಡಿ ತೋಡಿದರು. ಮುಂಗಾರಿಗೆ ಹಳ್ಳ ಬಂತು. ನೀರಿಳಿದ ಮೇಲೆ ಅಲ್ಲಿ ಗುಡ್ಡೆಯೂ ಇರಲಿಲ್ಲ, ದಂಡೆಯೂ ಇರಲಿಲ್ಲ.

"ಹೂಂ ಅನ್ನಪ್ಪೋ," ಎಂದಳು ಸಹನಾ, ಬಾಗಿಲಿಗೆ ಒರಗಿ. "ಪತ್ರ ಕೈಗೆ ಬಂದ್ರೆ ನಾಳೆ ಯಾರೂ ಬಂದು ಏಳ್ರಿ ಅನ್ನಂಗಿಲ್ಲ. ನಿನ್ ಕಾಲ ಆದ್ಮೇಲೆ ನಾನೆಲ್ಲಿಗೋಗ್ಲಿ?"

"ನೋಡು, ಮಗಳಿಗಿರೋ ಬುದ್ಧಿ ನಿಂಗಿಲ್ವಲ್ಲಯ್ಯ." ತಿಮ್ಮರಾಯಪ್ಪನಿಗೆ ಧೈರ್ಯ ಬಂತು. "ಊರಂತಾದ್ಮೇಲೆ ಎಲ್ಲಾ ಒಂದೇ. ಸುಡುಗಾಡಲ್ಲೂ ನಿಮ್ಗೊಂದು ಮೂಲೆ ಬುಟ್ಕೊಡಾಣ. ಮೊದಲ್ನೇ ಜಾಗ ನಿಂದೇ ಕಣ್ಲಾ!" ಎಂದು ತಾನೇ ನಕ್ಕ. ರಂಗಸ್ವಾಮಿ ಅವನ ಮೊಣಕೈ ತಿವಿದ.

ಲಕ್ಷ್ಮಯ್ಯ ಮಗಳನ್ನು ನೋಡಿದ. ಅವಳು ಅಳುತ್ತಿರಲಿಲ್ಲ, ಕಾಯುತ್ತಿದ್ದಳು. ಅವಳಿಗೆಂದು ಬಿಟ್ಟುಹೋಗಲು ಈ ಎರಡಂಕಣದ ಮನೆ ಬಿಟ್ಟರೆ ಅವನಲ್ಲಿ ಏನೂ ಇರಲಿಲ್ಲ. ಇಲ್ಲವೆಂದರೆ ಊರಿಗೆ ತಪ್ಪುವ ಹಕ್ಕು ಅವಳಿಗೂ ತಪ್ಪುತ್ತದೆ. ಅದನ್ನು ಅವನಿಗೆ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ.

"ನಾಳೆ ಒಂದ್ ಮಾತು," ರಂಗಸ್ವಾಮಿ ಎದ್ದು ನಿಂತು ಕೈ ಮುಗಿದ. "ಬಂಡೆಪಾಳ್ಯದೋನು ಅಂತೀಯ ತಾನೆ?"

"ಅನ್ನಾಕಿಲ್ಲ," ಎಂದ ಲಕ್ಷ್ಮಯ್ಯ.